ಪುಕ್ಕಟೆ ಸಿನಿಮಾದ ಬಿಲ್ಲು ಯಾರ ತಲೆಗೆ?

ಕದ್ದು ನೋಡದೆ ಸಿನಿಮಾ ನೋಡುವ ದಾರಿ ಹಲವಿವೆ. ಕೆಲವಕ್ಕೆ ಕಾಸೂ ಬೇಡ

ಮೈಸೂರು: ಶುಕ್ರವಾರ ಬೆಳಿಗ್ಗೆ ಟಾಕೀಸಿನ ಮುಂದೆ ಕಟೌಟಿಗೆ ಹಾರ ಹಾಕಿ ಪಟಾಕಿ ಹೊಡೆಯುತ್ತಾರೆ. ಶನಿವಾರ ಸಂಜೆ ಹೊತ್ತಿಗೆ ಅದೇ ಸಿನಿಮಾ ಸಿಟಿ ಬಸ್ ಸ್ಟ್ಯಾಂಡಿನಲ್ಲಿ ಕೂತವರ ಅಂಗೈಯಲ್ಲಿ ಓಡುತ್ತಿರುತ್ತದೆ. ಚಿತ್ರ ಮಸುಕು. ಮಾತು ಬಾವಿಯೊಳಗಿಂದ ಬಂದ ಹಾಗೆ. ನಡುನಡುವೆ ಯಾರದೋ ತಲೆಯ ನೆರಳು ಪರದೆಗೆ ಅಡ್ಡ ಎದ್ದು ಹೋಗುತ್ತದೆ. ಆದರೂ ನೋಡುವವರಿಗೆ ಬೇಸರವಿಲ್ಲ. ಕಾರಣ? ಪುಕ್ಕಟೆ!

ಪುಕ್ಕಟೆ ಸಿಕ್ಕರೆ ನನಗೊಂದು, ನಮ್ಮಪ್ಪನಿಗೊಂದು ಎಂಬ ಗಾದೆ ಸುಮ್ಮನೆ ಹುಟ್ಟಿಲ್ಲ. ಒಬ್ಬ ಟೆಲಿಗ್ರಾಮ್‌ನಲ್ಲಿ ಇಳಿಸಿಕೊಳ್ಳುತ್ತಾನೆ, ಪಕ್ಕದವನಿಗೆ ಕಳಿಸುತ್ತಾನೆ, ಅವನು ಮನೆಯವರಿಗೆಲ್ಲ ಹಂಚುತ್ತಾನೆ. ಫೋನಿನಲ್ಲಿ ಇಳಿಸಿಕೊಳ್ಳಲು ಬಾರದವರಿಗೆ ಮೊಬೈಲ್ ರಿಪೇರಿ ಅಂಗಡಿ ಇದ್ದೇ ಇದೆ. ಪೆನ್ ಡ್ರೈವ್ ಕೊಟ್ಟರೆ ಹತ್ತಿಪ್ಪತ್ತು ರೂಪಾಯಿಗೆ ನಾಲ್ಕಾರು ಸಿನಿಮಾ ತುಂಬಿ ಕೊಡುವ ಅಂಗಡಿಗಳು ಪೇಟೆ ಬೀದಿಗಳಲ್ಲೂ ಇವೆ, ಹೋಬಳಿ ಊರುಗಳಲ್ಲೂ ಇವೆ.

'ಏನ್ ಮಹಾ ಅಪರಾಧ ಬಿಡಿ ಸಾರ್, ಕೋಟಿಗಟ್ಟಲೆ ಎಣಿಸೋ ಹೀರೋಗೆ ನಮ್ಮ ನೂರು ರೂಪಾಯಿ ಯಾವ ಲೆಕ್ಕ?' ಇದು ಬಸ್ಸಿನಲ್ಲಿ, ಟೀ ಅಂಗಡಿಯಲ್ಲಿ ಕೇಳಿಬರುವ ಮಾಮೂಲು ಮಾತು. ಕೇಳೋಕೆ ಸರಿ ಅನ್ನಿಸುತ್ತೆ. ಆದರೆ ಆ ನೂರು ರೂಪಾಯಿ ಹೀರೋ ಜೇಬಿಗೆ ಹೋಗುವ ಮೊದಲು ಎಷ್ಟು ಕೈ ದಾಟುತ್ತದೆ, ಪುಕ್ಕಟೆ ಸಿನಿಮಾದ ಜೊತೆಗೆ ನಮ್ಮ ಫೋನಿನೊಳಗೆ ಇನ್ನೇನೇನು ಇಳಿಯುತ್ತದೆ, ಪೊಲೀಸರು ಬಂದರೆ ಯಾರ ಕಂಪ್ಯೂಟರ್ ಎತ್ತಿಕೊಂಡು ಹೋಗುತ್ತಾರೆ ಎಂಬುದನ್ನು ಲೆಕ್ಕ ಹಾಕಿದವರು ಕಡಿಮೆ.

ಅದಕ್ಕಿಂತ ಮುಖ್ಯ ಸಂಗತಿ ಇನ್ನೊಂದಿದೆ. ಕದ್ದು ನೋಡುತ್ತಿರುವವರಲ್ಲಿ ಬಹಳ ಜನಕ್ಕೆ ಅದೇ ಸಿನಿಮಾ ತಮಗೆ ನೇರ ದಾರಿಯಲ್ಲೇ ಸಿಗುತ್ತದೆ ಎಂಬುದು ಗೊತ್ತಿಲ್ಲ. ಕೆಲವರು ಅದಕ್ಕೆ ಆಗಲೇ ದುಡ್ಡೂ ಕಟ್ಟಿರುತ್ತಾರೆ!

ಕ್ಯಾಸೆಟ್ಟಿನಿಂದ ಟೆಲಿಗ್ರಾಮ್‌ವರೆಗೆ

ಈ ರೋಗ ನಿನ್ನೆ ಮೊನ್ನೆಯದಲ್ಲ. 1980ರ ದಶಕದಲ್ಲಿ ವಿಡಿಯೋ ಕ್ಯಾಸೆಟ್ ಬಂದಾಗಲೇ ಶುರುವಾಯಿತು. ಊರೂರಿಗೆ ವಿಡಿಯೋ ಪಾರ್ಲರ್, ವಿಡಿಯೋ ಲೈಬ್ರರಿ ಎದ್ದವು. ಒಂದು ಕ್ಯಾಸೆಟ್ ತಂದು ಹತ್ತು ಮಾಡುವ ಕಸುಬು ಬೆಳೆಯಿತು. ಅದನ್ನು ತಡೆಯಲೆಂದೇ 1984ರಲ್ಲಿ ಕೃತಿಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ತಂದು ಶಿಕ್ಷೆ ಬಿಗಿ ಮಾಡಿದರು. ಕ್ಯಾಸೆಟ್ ಮೇಲೆ ಹಕ್ಕುದಾರರ ಹೆಸರು, ಸೆನ್ಸಾರ್ ಸರ್ಟಿಫಿಕೇಟಿನ ವಿವರ ಇರಲೇಬೇಕು ಅಂದರು. ಆಮೇಲೆ ಸಿ.ಡಿ. ಬಂತು, ಡಿ.ವಿ.ಡಿ. ಬಂತು, ಫುಟ್‌ಪಾತ್ ಮೇಲೆ ಪ್ಲಾಸ್ಟಿಕ್ ಹಾಳೆ ಹಾಸಿ ರಾಶಿ ಹಾಕಿ ಮಾರುವ ಕಾಲವೂ ಬಂದು ಹೋಯಿತು. ಈಗ ರಾಶಿ ಹಾಕುವ ಕಷ್ಟವೂ ಇಲ್ಲ. ಒಂದು ಲಿಂಕ್ ಸಾಕು.

ಹಾಗಾದರೆ ಈ ಜಾಲತಾಣಗಳನ್ನು ಮುಚ್ಚಿಸಲು ಸರ್ಕಾರಕ್ಕೆ ಏನು ದಾಡಿ? ಮುಚ್ಚಿಸುತ್ತಲೇ ಇದ್ದಾರೆ. ಮುಚ್ಚಿದ ಮರುದಿನ ಹೆಸರಿನ ಬಾಲಕ್ಕೆ ಒಂದು ಅಕ್ಷರ ಸೇರಿಸಿ ಅದೇ ಅಂಗಡಿ ಮತ್ತೆ ತೆರೆಯುತ್ತದೆ. ಕಾನೂನು ಚಾಪೆ ಕೆಳಗೆ ತೂರಿದರೆ ಇವರು ರಂಗೋಲಿ ಕೆಳಗೆ ತೂರುವವರು. ಇದಕ್ಕಾಗಿಯೇ ದೆಹಲಿ ಹೈಕೋರ್ಟ್ 2019ರ ಏಪ್ರಿಲ್‌ನಲ್ಲಿ ಒಂದು ದಾರಿ ಮಾಡಿಕೊಟ್ಟಿತು. ಒಮ್ಮೆ ತಡೆದ ತಾಣ ಹೊಸ ಹೆಸರಿನಲ್ಲಿ ಬಂದರೆ ಮತ್ತೆ ಹೊಸ ದಾವೆ ಹೂಡಬೇಕಿಲ್ಲ, ಹಳೆಯ ಆದೇಶವನ್ನೇ ಅದಕ್ಕೂ ವಿಸ್ತರಿಸಬಹುದು ಎಂದಿತು. 2023ರ ನವೆಂಬರ್‌ನಲ್ಲಿ ಕೇಂದ್ರ ಸರ್ಕಾರ ಇದಕ್ಕೆಂದೇ 12 ಮಂದಿ ಅಧಿಕಾರಿಗಳನ್ನು ನೇಮಿಸಿ, ದೂರು ಬಂದರೆ 48 ಗಂಟೆಯೊಳಗೆ ಕಳ್ಳ ಸಿನಿಮಾ ತೆಗೆಸುವ ವ್ಯವಸ್ಥೆ ಪ್ರಕಟಿಸಿತು.

ಆದರೂ ನಿಂತಿಲ್ಲ. ಲೆಕ್ಕಪತ್ರ ಸಂಸ್ಥೆ ಇ.ವೈ. ಮತ್ತು ಇಂಟರ್‌ನೆಟ್ ಕಂಪನಿಗಳ ಸಂಘ ಸೇರಿ 2024ರಲ್ಲಿ ಹೊರತಂದ ವರದಿಯ ಪ್ರಕಾರ 2023ರಲ್ಲಿ ಭಾರತದಲ್ಲಿ ಪೈರಸಿಯ ವಹಿವಾಟು 22,400 ಕೋಟಿ ರೂಪಾಯಿ. ಅದರಲ್ಲಿ 13,700 ಕೋಟಿ ಟಾಕೀಸಿನಿಂದ ಕದ್ದ ಸಿನಿಮಾದ್ದು, 8,700 ಕೋಟಿ ಓ.ಟಿ.ಟಿ.ಯಿಂದ ಕದ್ದದ್ದು. ನೋಡುಗರಲ್ಲಿ ನೂರಕ್ಕೆ 51 ಮಂದಿ ಒಂದಲ್ಲ ಒಂದು ಕಳ್ಳದಾರಿಯಲ್ಲಿ ನೋಡುತ್ತಾರಂತೆ. ಇದು ಉದ್ಯಮದವರೇ ಹಾಕಿದ ಲೆಕ್ಕ. ಸ್ವಲ್ಪ ಜಾಸ್ತಿಯೇ ಹೇಳಿದ್ದಾರೆ ಅಂದುಕೊಂಡರೂ ಅರ್ಧಕ್ಕರ್ಧ ಬಸ್ಸು ಟಿಕೆಟ್ ಇಲ್ಲದೆ ಹೋಗುತ್ತಿದೆ ಅಂದ ಹಾಗಾಯಿತು.

ಜೈಲು ಯಾರಿಗೆ?

ಇಲ್ಲಿ ಜನರಿಗೆ ಬಹಳ ಗೊಂದಲವಿದೆ. 'ನೋಡಿದರೆ ಮೂರು ವರ್ಷ ಜೈಲು' ಎಂದು ಕೆಲವರು ಹೆದರಿಸುತ್ತಾರೆ. 'ಏನೂ ಆಗಲ್ಲ' ಎಂದು ಕೆಲವರು ಧೈರ್ಯ ಹೇಳುತ್ತಾರೆ. ಎರಡೂ ಪೂರ್ತಿ ನಿಜವಲ್ಲ.

2016ರಲ್ಲಿ ಜಾಲತಾಣ ತಡೆದಾಗ ಪರದೆ ಮೇಲೆ ಬರುತ್ತಿದ್ದ ಎಚ್ಚರಿಕೆಯಲ್ಲಿ, ನೋಡಿದರೂ ಅಪರಾಧ ಎಂಬಂತೆ ಬರೆದಿತ್ತು. ಅದನ್ನು ಗಮನಿಸಿದ ಬಾಂಬೆ ಹೈಕೋರ್ಟ್, ಬರೀ ನೋಡುವುದು ಅಪರಾಧವಲ್ಲ. ಹಂಚುವುದು, ಸಾರ್ವಜನಿಕವಾಗಿ ತೋರಿಸುವುದು, ಮಾರುವುದು, ಬಾಡಿಗೆಗೆ ಕೊಡುವುದು ಅಪರಾಧ ಎಂದು ತಿಳಿಸಿ ಎಚ್ಚರಿಕೆಯ ಮಾತು ಬದಲಿಸಲು ಹೇಳಿತು. ಅಂದರೆ ನೋಡಿದವನು ಪಾರು, ಗೆಳೆಯರ ಗುಂಪಿಗೆ 'ಇಗೋ ನೋಡ್ರೋ' ಅಂತ ಕಳಿಸಿದವನು ಹಂಚಿದವನಾಗುತ್ತಾನೆ. ಇವತ್ತಿನ ಕಾಲದಲ್ಲಿ ನೋಡಿ ಸುಮ್ಮನೆ ಕೂರುವವರು ಎಷ್ಟು ಮಂದಿ ಇದ್ದಾರೆ ಸ್ವಾಮಿ?

ಹೆಚ್ಚು ಎಚ್ಚರವಿರಬೇಕಾದವರು ಅಂಗಡಿಯವರು. 1957ರ ಕೃತಿಸ್ವಾಮ್ಯ ಕಾಯ್ದೆಯ 63ನೇ ಕಲಮಿನ ಪ್ರಕಾರ ಶಿಕ್ಷೆ ಆರು ತಿಂಗಳಿಂದ ಮೂರು ವರ್ಷ, ದಂಡ 50 ಸಾವಿರದಿಂದ 2 ಲಕ್ಷ ರೂಪಾಯಿ. ಸಬ್ ಇನ್‌ಸ್ಪೆಕ್ಟರ್ ದರ್ಜೆಯ ಅಧಿಕಾರಿ ವಾರಂಟ್ ಇಲ್ಲದೆಯೇ ಬಂದು ಕಳ್ಳ ಪ್ರತಿಗಳನ್ನೂ ಅವನ್ನು ಮಾಡಲು ಬಳಸಿದ ಸಲಕರಣೆಯನ್ನೂ ಜಪ್ತಿ ಮಾಡಬಹುದು. 2022ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಇದು ಪೊಲೀಸರು ನೇರವಾಗಿ ಕೇಸು ಹಾಕಬಹುದಾದ, ಜಾಮೀನು ರಹಿತ ಅಪರಾಧ ಎಂದು ತೀರ್ಪು ಕೊಟ್ಟಿದೆ. ಹತ್ತಿಪ್ಪತ್ತು ರೂಪಾಯಿ ಆಸೆಗೆ ರಿಪೇರಿಗೆ ಬಂದ ಗಿರಾಕಿಗಳ ಫೋನು ಬಿಟ್ಟು, ಕಂಪ್ಯೂಟರ್ ಕಳಕೊಂಡು, ಕೋರ್ಟು ಕಚೇರಿ ಅಲೆಯುವುದು ಯಾವ ವ್ಯಾಪಾರ?

ಟಾಕೀಸಿನಲ್ಲಿ ಕೂತು ಫೋನಿನಲ್ಲಿ ಪರದೆ ಚಿತ್ರೀಕರಿಸುವವರಿಗೆ 2023ರ ಸಿನಿಮಾಟೋಗ್ರಾಫ್ ತಿದ್ದುಪಡಿ ಇನ್ನೂ ಕಠಿಣ. ಮೂರು ತಿಂಗಳಿಂದ ಮೂರು ವರ್ಷ ಸಜೆ, ದಂಡ 3 ಲಕ್ಷದಿಂದ ಶುರುವಾಗಿ ಆ ಸಿನಿಮಾದ ನಿರ್ಮಾಣ ವೆಚ್ಚದ ನೂರಕ್ಕೆ ಐದರವರೆಗೆ. ಹತ್ತು ಕೋಟಿಯ ಸಿನಿಮಾ ಆದರೆ ದಂಡ ಐವತ್ತು ಲಕ್ಷದವರೆಗೂ ಹೋಗಬಹುದು. 'ಹೀರೋ ಎಂಟ್ರಿ ಸ್ಟೇಟಸ್ಸಿಗೆ ಹಾಕ್ತೀನಿ' ಎಂದು ಫೋನ್ ಎತ್ತುವ ಹುಡುಗರು ಇದನ್ನು ತಿಳಿದಿರುವುದು ಒಳ್ಳೆಯದು.

ನಮ್ಮ ರಾಜ್ಯದಲ್ಲಿ ಇನ್ನೊಂದು ಕತ್ತಿಯೂ ಇದೆ. ಜನ ಗೂಂಡಾ ಕಾಯ್ದೆ ಎಂದು ಕರೆಯುವ 1985ರ ಕಾಯ್ದೆಯ ಉದ್ದನೆಯ ಹೆಸರಿನಲ್ಲೇ ಕಳ್ಳಭಟ್ಟಿ, ಜೂಜು, ಮಾದಕ ವಸ್ತು ದಂಧೆಯವರ ಸಾಲಿನಲ್ಲಿ 'ವಿಡಿಯೋ ಅಥವಾ ಆಡಿಯೋ ಪೈರೇಟ್'ಗಳೂ ಸೇರಿದ್ದಾರೆ. ಪೆನ್ ಡ್ರೈವ್ ತುಂಬುವವನು ತಾನು ಯಾರ ಸಾಲಿನಲ್ಲಿ ನಿಂತಿದ್ದೇನೆ ಎಂದು ಒಮ್ಮೆ ನೋಡಿಕೊಳ್ಳಲಿ.

ಪುಕ್ಕಟೆ ಅಂದವರು ಯಾರು?

ಟಿಕೆಟ್ ಇಲ್ಲ, ಚಂದಾ ಇಲ್ಲ. ಹಾಗಾದರೆ ಕಳ್ಳ ತಾಣ ನಡೆಸುವವರು ಧರ್ಮಕ್ಕೆ ನಡೆಸುತ್ತಾರಾ? 2025ರ ನವೆಂಬರ್‌ನಲ್ಲಿ ಹೈದರಾಬಾದ್ ಪೊಲೀಸರು ತೆಲುಗು ಚಿತ್ರಗಳ ದೊಡ್ಡ ಪೈರಸಿ ತಾಣ ನಡೆಸುತ್ತಿದ್ದ ಆರೋಪದ ಮೇಲೆ ಒಬ್ಬನನ್ನು ಬಂಧಿಸಿದರು. ಸಿನಿಮಾ ನೋಡಲು ಬಂದವರನ್ನು ಬೆಟ್ಟಿಂಗ್ ಆ್ಯಪ್‌ಗಳ ಕಡೆ ತಿರುಗಿಸಿ ದುಡ್ಡು ಮಾಡುತ್ತಿದ್ದ, ಸುಮಾರು 50 ಲಕ್ಷ ಬಳಕೆದಾರರ ಮಾಹಿತಿ ಅವನ ಬಳಿ ಇತ್ತು ಎಂದು ಪೊಲೀಸರು ಹೇಳಿದರು. ಸಿನಿಮಾ ಬರೀ ಗಾಳಕ್ಕೆ ಚುಚ್ಚಿದ ಎರೆಹುಳ. ಮೀನು ನೋಡುವವನೇ!

ಮೊಬೈಲಿನಲ್ಲಿ ಕಳ್ಳ ತಾಣ ತೆರೆದವರಿಗೆ ಇದು ಗೊತ್ತಿರುವ ವಿಷಯವೇ. ಪ್ಲೇ ಒತ್ತಿದರೆ ಸಿನಿಮಾ ಬರುವುದಿಲ್ಲ, ಬೇರೆ ಪುಟ ತೆರೆಯುತ್ತದೆ. ಅದನ್ನು ಮುಚ್ಚಿದರೆ ಇನ್ನೊಂದು. 'ನಮ್ಮ ಆ್ಯಪ್ ಹಾಕಿಕೊಳ್ಳಿ' ಅನ್ನುತ್ತದೆ. ಪ್ಲೇ ಸ್ಟೋರಿನಲ್ಲಿ ಇಲ್ಲದ ಆ ಆ್ಯಪ್ ಹಾಕಿಕೊಂಡರೆ ಮೆಸೇಜ್ ಓದಲು ಅನುಮತಿ ಕೇಳುತ್ತದೆ. ಅದೇ ಫೋನಿನಲ್ಲಿ ಫೋನ್‌ಪೇ, ಗೂಗಲ್‌ಪೇ ಇದೆ, ಬ್ಯಾಂಕಿನ ಒ.ಟಿ.ಪಿ. ಬರುವುದೂ ಅದೇ ಮೆಸೇಜಿಗೆ. ದಿನದ ವ್ಯಾಪಾರವನ್ನೆಲ್ಲ ಒಂದು ಕ್ಯೂಆರ್ ಹಾಳೆಯ ಮೇಲೆ ನಡೆಸುವ ಅಂಗಡಿಯವರು ಮನೆಯ ಮಕ್ಕಳ ಕೈಗೆ ಅದೇ ಫೋನು ಕೊಟ್ಟು 'ಯಾವುದಾದ್ರೂ ಸಿನಿಮಾ ನೋಡ್ಕೋ' ಅನ್ನುವ ಮುಂಚೆ ಎರಡು ಸಲ ಯೋಚಿಸಬೇಕು.

ಏಟು ಬೀಳುವುದು ಯಾರಿಗೆ?

ನಾರಾಯಣಶಾಸ್ತ್ರಿ ರಸ್ತೆಯ ಶಾಂತಲಾ 2020ರಲ್ಲಿ ಬಾಗಿಲು ಹಾಕಿತು. ಬೆಂಗಳೂರಿನ ಸ್ಯಾಂಕಿ ರಸ್ತೆಯ ಕಾವೇರಿ ಚಿತ್ರಮಂದಿರ 2024ರಲ್ಲಿ ಮುಚ್ಚಿತು. ಇವೆಲ್ಲ ಪೈರಸಿ ಒಂದರಿಂದಲೇ ಮುಚ್ಚಿದವು ಎಂದರೆ ಸುಳ್ಳಾಗುತ್ತದೆ. ಟಿ.ವಿ. ಬಂತು, ಮಾಲ್ ಬಂತು, ಕೊರೋನಾ ಬಂತು, ಜಾಗದ ಬೆಲೆ ಆಕಾಶಕ್ಕೆ ಏರಿತು. ಆದರೆ ಎದ್ದು ನಿಲ್ಲಲು ಒದ್ದಾಡುತ್ತಿದ್ದ ಟಾಕೀಸಿಗೆ ಮೊದಲ ವಾರದ ಕಲೆಕ್ಷನ್ನೇ ಉಸಿರು. ಆ ಉಸಿರನ್ನೇ ಕಳ್ಳ ಪ್ರತಿ ಕಟ್ಟುತ್ತದೆ.

ಟಾಕೀಸು ಅಂದರೆ ಮಾಲೀಕ ಒಬ್ಬನೇ ಅಲ್ಲ. ಗೇಟ್ ಕೀಪರ್, ಬುಕಿಂಗ್ ಕ್ಲರ್ಕ್, ಆಪರೇಟರ್, ಕಸ ಗುಡಿಸುವ ಹೆಂಗಸರು, ಸೈಕಲ್ ಸ್ಟ್ಯಾಂಡಿನವನು, ಇಂಟರ್‌ವೆಲ್‌ನಲ್ಲಿ ಕಡಲೇಕಾಯಿ, ಬೋಂಡ ಮಾರುವವನು, ರಾತ್ರಿ ಎರಡನೇ ಆಟ ಬಿಟ್ಟ ಮೇಲೆ ಬಾಡಿಗೆಗೆ ಕಾಯುವ ಆಟೋದವನು, ಎದುರಿನ ಹೋಟೆಲಿನವನು. ಶಾಂತಲಾ ಮುಂತಾದ ಟಾಕೀಸುಗಳ ಸುತ್ತಮುತ್ತ ವ್ಯಾಪಾರ ಮಾಡಿದ ಹಳಬರಿಗೆ ಈ ಲೆಕ್ಕ ಬಿಡಿಸಿ ಹೇಳಬೇಕಿಲ್ಲ. ಹೀರೋ ಇನ್ನೊಂದು ಸಿನಿಮಾ ಒಪ್ಪಿಕೊಳ್ಳುತ್ತಾನೆ. ಸೈಕಲ್ ಸ್ಟ್ಯಾಂಡಿನವನು ಏನು ಒಪ್ಪಿಕೊಳ್ಳಬೇಕು?

ಸಣ್ಣ ಸಿನಿಮಾದವರ ಪಾಡು ಇನ್ನೂ ಬಿಗಿ. 2025ರ ಜುಲೈ 25ರಂದು ತೆರೆಕಂಡ 'ಸು ಫ್ರಮ್ ಸೋ' ದೊಡ್ಡ ಸ್ಟಾರ್ ಇಲ್ಲದ ಚಿತ್ರ. ನೋಡಿದವರು ಇನ್ನೊಬ್ಬರಿಗೆ ಹೇಳಿ, ಬಾಯಿಂದ ಬಾಯಿಗೆ ಹಬ್ಬಿ ವಾರಗಟ್ಟಲೆ ಓಡಿತು. ಇಂಥ ಸಿನಿಮಾಕ್ಕೆ ಪ್ರಚಾರವೇ ಜನರ ಮಾತು. 'ಚೆನ್ನಾಗಿದೆ, ಟಾಕೀಸಿಗೆ ಹೋಗು' ಎಂಬ ಮಾತಿನ ಜಾಗದಲ್ಲಿ 'ಚೆನ್ನಾಗಿದೆ, ಲಿಂಕ್ ಕಳಿಸ್ತೀನಿ ಇರು' ಎಂದು ಬಂದರೆ ಕತೆ ಮುಗಿಯಿತು.

ಕಾಸಿಲ್ಲದ ದಾರಿ

ಇನ್ನು ಕೆಲಸದ ಮಾತಿಗೆ ಬರೋಣ. ಕದಿಯಬೇಡಿ ಎಂದು ಹೇಳಿ ಬಿಟ್ಟರೆ ಸಾಲದು, ನೋಡುವುದೆಲ್ಲಿ ಎಂದೂ ಹೇಳಬೇಕು.

ಮೊದಲನೆಯದು ದೂರದರ್ಶನ. ಡಿ.ಡಿ. ಫ್ರೀ ಡಿಶ್‌ಗೆ ತಿಂಗಳ ಬಾಡಿಗೆ ಇಲ್ಲ. ಕೊಡೆಯಷ್ಟಗಲದ ತಟ್ಟೆ, ಸೆಟ್ ಟಾಪ್ ಪೆಟ್ಟಿಗೆ, ಇವೆರಡಕ್ಕೆ ಒಂದು ಸಲ ದುಡ್ಡು ಹಾಕಿದರೆ ಮುಗಿಯಿತು. ಕನ್ನಡದ ಚಂದನ ವಾಹಿನಿ ಅದರಲ್ಲಿ ಬರುತ್ತದೆ. ಕೇಬಲ್ ಅಥವಾ ಡಿಶ್ ಇರುವ ಮನೆಯಲ್ಲಿ ಉದಯ ಮೂವೀಸ್‌ನಂಥ ಬರೀ ಸಿನಿಮಾದ ಚಾನೆಲ್‌ಗಳಿವೆ. ತಿಂಗಳ ಪ್ಯಾಕಿನಲ್ಲಿ ಅದು ಸೇರಿದೆಯೋ ಇಲ್ಲವೋ ಎಂದು ಕೇಬಲ್‌ನವರನ್ನು ಒಮ್ಮೆ ಕೇಳಿ ತಿಳಿಯಿರಿ.

ಎರಡನೆಯದು 'ವೇವ್ಸ್'. ಇದು ಪ್ರಸಾರ ಭಾರತಿಯವರೇ 2024ರ ನವೆಂಬರ್ 20ರಂದು ಗೋವಾ ಚಿತ್ರೋತ್ಸವದಲ್ಲಿ ಬಿಡುಗಡೆ ಮಾಡಿದ ಆ್ಯಪ್. ಕನ್ನಡವೂ ಸೇರಿ ಹತ್ತಕ್ಕೂ ಹೆಚ್ಚು ಭಾಷೆಯಲ್ಲಿದೆ. ಕೆಲವಕ್ಕೆ ಚಂದಾ ಉಂಟು, ಪುಕ್ಕಟೆ ನೋಡುವುದೂ ಸಾಕಷ್ಟಿದೆ. ಸರ್ಕಾರದ್ದಾದ್ದರಿಂದ ಬೆಟ್ಟಿಂಗ್ ಕಾಟವಿಲ್ಲ.

ಮೂರನೆಯದು ಯೂಟ್ಯೂಬ್. ಹಳೆಯ ಕನ್ನಡ ಸಿನಿಮಾಗಳನ್ನು ಹಕ್ಕು ಪಡೆದ ವಿಡಿಯೋ ಕಂಪನಿಗಳು, ಆಡಿಯೋ ಕಂಪನಿಗಳು ತಮ್ಮದೇ ಚಾನೆಲ್‌ನಲ್ಲಿ ಪೂರ್ತಿ ಹಾಕಿವೆ. ನಡುವೆ ಜಾಹೀರಾತು ಬರುತ್ತದೆ, ಆ ದುಡ್ಡು ಹಕ್ಕುದಾರರಿಗೆ ಹೋಗುತ್ತದೆ. ನೋಡುವವನಿಗೆ ಖರ್ಚಿಲ್ಲ, ಯಾರಿಗೂ ಮೋಸವಿಲ್ಲ. ಆದರೆ ಯೂಟ್ಯೂಬಿನಲ್ಲೂ ಕಳ್ಳರಿದ್ದಾರೆ. ಗುರುತು ಹಿಡಿಯುವುದು ಸುಲಭ. ಕಂಪ್ಯೂಟರ್ ಕಣ್ಣಿಗೆ ಬೀಳಬಾರದೆಂದು ಇವರು ಚಿತ್ರವನ್ನು ಕನ್ನಡಿಯಲ್ಲಿ ನೋಡಿದ ಹಾಗೆ ತಿರುಗಿಸಿ ಹಾಕುತ್ತಾರೆ. ಹೀರೋ ಎಡಗೈಯಲ್ಲಿ ಊಟ ಮಾಡುತ್ತಿದ್ದರೆ, ಅಂಗಡಿ ಬೋರ್ಡಿನ ಅಕ್ಷರ ಉಲ್ಟಾ ಕಂಡರೆ, ಧ್ವನಿ ಕೀರಲಾಗಿದ್ದರೆ ಅದು ಕಳ್ಳಮಾಲು. ಮೊನ್ನೆ ಬಿಡುಗಡೆಯಾದ ಸಿನಿಮಾ ಹೆಸರಿಲ್ಲದ ಚಾನೆಲ್‌ನಲ್ಲಿ ಪೂರ್ತಿ ಸಿಕ್ಕರೆ ಅನುಮಾನವೇ ಬೇಡ.

ಇನ್ನೊಂದು ಸಂಗತಿ ಬಹಳ ಮಂದಿಗೆ ಗೊತ್ತಿಲ್ಲ. ಸಿನಿಮಾದ ಹಕ್ಕು ಶಾಶ್ವತವಲ್ಲ. ಕಾಯ್ದೆ ಪ್ರಕಾರ ತೆರೆಕಂಡ ಮರುವರ್ಷದ ಜನವರಿಯಿಂದ 60 ವರ್ಷ. 1964ರಲ್ಲಿ ಬಂದ ಚಿತ್ರದ ಅವಧಿ 2024ರ ಡಿಸೆಂಬರ್ 31ಕ್ಕೆ ಮುಗಿಯಿತು. ಹಾಗಾಗಿ 1954ರ 'ಬೇಡರ ಕಣ್ಣಪ್ಪ', 1960ರ 'ರಣಧೀರ ಕಂಠೀರವ', 1961ರ 'ಕಿತ್ತೂರು ಚೆನ್ನಮ್ಮ', 1964ರ 'ನಾಂದಿ' ಇವುಗಳ ಚಿತ್ರದ ಹಕ್ಕಿನ ಅವಧಿ ಕಳೆದಿದೆ. ಮನೆಯಲ್ಲಿ ಕೂತು ಅಣ್ಣಾವ್ರ ಹಳೇ ಸಿನಿಮಾ ನೋಡುವವರು ಕಳ್ಳದಾರಿಗೆ ಇಳಿಯುವ ಅಗತ್ಯವೇ ಇಲ್ಲ. ಆದರೆ ಕತೆಯ ಹಕ್ಕು, ಹಾಡಿನ ಹಕ್ಕು ಬೇರೆ ಲೆಕ್ಕ. ಹೊಸದಾಗಿ ಬಣ್ಣ ಹಚ್ಚಿ ಬಿಟ್ಟ ಪ್ರತಿಯ ವಿಷಯವೂ ಬೇರೆ. ಅದನ್ನು ಹಿಡಿದು ವ್ಯಾಪಾರಕ್ಕೆ ಇಳಿಯುವವರು ವಕೀಲರನ್ನು ಕೇಳಿಯೇ ಮುಂದುವರಿಯಬೇಕು.

ರೀಚಾರ್ಜಿನಲ್ಲೇ ಸಿನಿಮಾ

ಈಗ ಆಗಲೇ ದುಡ್ಡು ಕಟ್ಟಿದವರ ಸಂಗತಿ. ಮೊಬೈಲ್ ಕಂಪನಿಗಳ ಕೆಲವು ಪ್ರೀಪೇಯ್ಡ್ ಪ್ಯಾಕ್‌ಗಳಲ್ಲಿ, ಮನೆಗೆ ಹಾಕಿಸಿದ ಫೈಬರ್ ಇಂಟರ್‌ನೆಟ್ ಪ್ಲಾನುಗಳಲ್ಲಿ ಓ.ಟಿ.ಟಿ. ಚಂದಾ ಸೇರಿಕೊಂಡೇ ಬರುತ್ತದೆ. ರೀಚಾರ್ಜ್ ಮಾಡಿಸಿದವನು ಡೇಟಾ ಎಷ್ಟು, ಎಷ್ಟು ದಿನ ಅಂತ ಕೇಳಿ ಸುಮ್ಮನಾಗುತ್ತಾನೆ. ಸಿನಿಮಾದ ಆ್ಯಪ್ ಅದರಲ್ಲಿದೆ ಎಂಬುದು ಗೊತ್ತಾಗುವುದೇ ಇಲ್ಲ. ಚಂದಾ ಕಟ್ಟಿಯೂ ಕದ್ದು ನೋಡುವ ಬುದ್ಧಿವಂತರು ನಮ್ಮವರು! ರೀಚಾರ್ಜ್ ಮಾಡುವ ಅಂಗಡಿಯವರು ಗಿರಾಕಿಗೆ ಇದೊಂದು ಮಾತು ಹೇಳಿದರೆ ಅರ್ಧ ಕೆಲಸ ಆದಂತೆ. ಪೆನ್ ಡ್ರೈವ್ ತುಂಬುವ ಅಂಗಡಿ ಈ ಕೆಲಸ ಹಿಡಿದರೆ ಗಿರಾಕಿಯೂ ಉಳಿಯುತ್ತಾನೆ, ಪೊಲೀಸರ ಭಯವೂ ಇರುವುದಿಲ್ಲ.

ಬಸ್ಸಿನಲ್ಲಿ ಓಡಾಡುವವರ ತಕರಾರು ಒಂದೇ. 'ದಾರೀಲಿ ನೆಟ್‌ವರ್ಕ್ ಸಿಗಲ್ಲ, ಅದಕ್ಕೇ ಮೆಮೊರಿ ಕಾರ್ಡಿಗೆ ಹಾಕಿಸ್ಕೊಳ್ಳೋದು.' ಇದಕ್ಕೂ ಉಪಾಯವಿದೆ. ಪ್ರೈಮ್ ವಿಡಿಯೋ, ಜಿಯೋಹಾಟ್‌ಸ್ಟಾರ್, ಝೀ5, ಸನ್ ನೆಕ್ಸ್ಟ್ ಇಂಥ ಆ್ಯಪ್‌ಗಳಲ್ಲಿ ಡೌನ್‌ಲೋಡ್ ಎಂಬ ಗುಂಡಿ ಇರುತ್ತದೆ. ರಾತ್ರಿ ಮನೆಯ ವೈಫೈಯಲ್ಲಿ ಒತ್ತಿ ಮಲಗಿದರೆ ಬೆಳಿಗ್ಗೆ ಸಿನಿಮಾ ಫೋನಿನೊಳಗಿರುತ್ತದೆ. ಹುಣಸೂರಿನಿಂದಲೋ ತಿ. ನರಸೀಪುರದಿಂದಲೋ ದಿನಾ ಬಂದು ಹೋಗುವವರು ಎರಡು ದಿನಕ್ಕೊಂದು ಸಿನಿಮಾ ಮುಗಿಸಬಹುದು. ಬೆಂಗಳೂರಿಗೆ ಹೋಗುವವರಿಗೆ ಒಂದು ಸಲಕ್ಕೆ ಒಂದು ಸಿನಿಮಾ. ಇಳಿಸಿಕೊಂಡ ಸಿನಿಮಾ ಕೆಲವು ದಿನ ಮಾತ್ರ ಇರುತ್ತದೆ ಎಂಬುದು ನೆನಪಿರಲಿ.

ಇಯರ್‌ಫೋನ್ ಮಾತ್ರ ಮರೆಯಬೇಡಿ. ಬಸ್ಸಿನಲ್ಲಿ ಜೋರಾಗಿ ಹಾಡು, ವಿಡಿಯೋ ಹಾಕುವುದನ್ನು ಕೆ.ಎಸ್.ಆರ್.ಟಿ.ಸಿ. 2021ರಲ್ಲೇ ನಿಷೇಧಿಸಿದೆ. ಹೇಳಿದರೂ ಕೇಳದವರನ್ನು ಕಂಡಕ್ಟರ್ ಇಳಿಸಬಹುದು.

ತಿಂಗಳ ಚಂದಾ ಬೇಡ, ಒಂದೇ ಸಿನಿಮಾ ಸಾಕು ಎನ್ನುವವರಿಗೆ ಬಾಡಿಗೆ ಇದೆ. ಹಿಂದೆ ಲೈಬ್ರರಿಯಿಂದ ಕ್ಯಾಸೆಟ್ ತಂದ ಹಾಗೆಯೇ. ಯೂಟ್ಯೂಬ್, ಪ್ರೈಮ್ ವಿಡಿಯೋಗಳಲ್ಲಿ ಕೆಲವು ಸಿನಿಮಾಕ್ಕೆ ಬಾಡಿಗೆ ಕಟ್ಟಿ ನಿಗದಿತ ಸಮಯದೊಳಗೆ ನೋಡಬಹುದು. 2022ರ ಏಪ್ರಿಲ್ 14ಕ್ಕೆ ತೆರೆಕಂಡ 'ಕೆಜಿಎಫ್ 2' ಮೇ 16ಕ್ಕೆ ಪ್ರೈಮ್‌ನಲ್ಲಿ 199 ರೂಪಾಯಿ ಬಾಡಿಗೆಗೆ ಬಂದಿತ್ತು. ಜೂನ್ 3ರಿಂದ ಚಂದಾದಾರರಿಗೆಲ್ಲ ಸಿಕ್ಕಿತು. ಐದು ಜನರ ಮನೆಯಲ್ಲಿ 199 ಅಂದರೆ ತಲೆಗೆ ನಲವತ್ತು ರೂಪಾಯಿ.

ಕಾಯುವ ತಾಳ್ಮೆ ಇದ್ದವರಿಗೆ ಇನ್ನೂ ಸುಲಭ. 'ಕಾಂತಾರ' 2022ರ ಸೆಪ್ಟೆಂಬರ್ 30ಕ್ಕೆ ತೆರೆಗೆ ಬಂದು ನವೆಂಬರ್ 24ಕ್ಕೆ ಮನೆಗೆ ಬಂತು. ಎಂಟು ವಾರ. 'ಕಾಂತಾರ: ಚಾಪ್ಟರ್ 1' 2025ರ ಅಕ್ಟೋಬರ್ 2ಕ್ಕೆ ಬಂದು ಅಕ್ಟೋಬರ್ 31ಕ್ಕೇ ಪ್ರೈಮ್‌ನಲ್ಲಿತ್ತು. 'ಸು ಫ್ರಮ್ ಸೋ' ಒಂದೂವರೆ ತಿಂಗಳಿಗೆ ಜಿಯೋಹಾಟ್‌ಸ್ಟಾರ್‌ಗೆ ಬಂತು. ಸೊಸೈಟಿ ಅಕ್ಕಿಗೆ ತಿಂಗಳು ಕಾಯುವವರಿಗೆ ಸಿನಿಮಾಕ್ಕೆ ಕಾಯುವುದು ಕಷ್ಟವೇ?

ಅಂಗಡಿ, ಬಸ್ಸು, ಪೆಂಡಾಲು

ಇಲ್ಲಿ ಅಂಗಡಿಯವರು, ಬಸ್ ಮಾಲೀಕರು ಒಂದು ಸೂಕ್ಷ್ಮ ತಿಳಿಯಬೇಕು. ಮನೆಗೆಂದು ಕಟ್ಟಿದ ಓ.ಟಿ.ಟಿ. ಚಂದಾ ಮನೆಗೆ ಮಾತ್ರ. ಅದೇ ಆ್ಯಪನ್ನು ಹೋಟೆಲಿನ ಗೋಡೆ ಟಿ.ವಿ.ಯಲ್ಲೋ ರಾತ್ರಿ ಓಡುವ ಸ್ಲೀಪರ್ ಬಸ್ಸಿನಲ್ಲೋ ಹಾಕಿ ಗಿರಾಕಿಗಳಿಗೆ ತೋರಿಸಿದರೆ ಅದು ಸಾರ್ವಜನಿಕ ಪ್ರದರ್ಶನವಾಗುತ್ತದೆ. ಅದಕ್ಕೆ ಹಕ್ಕುದಾರರ ಅನುಮತಿ ಬೇರೆ ಬೇಕು. 'ದುಡ್ಡು ಕೊಟ್ಟೇ ತಗೊಂಡಿದೀನಿ' ಎಂಬ ವಾದ ನಿಲ್ಲುವುದಿಲ್ಲ.

ಗಣೇಶನ ಪೆಂಡಾಲಿನ ಹುಡುಗರೂ ಕೇಳಿಸಿಕೊಳ್ಳಲಿ. ಬೀದಿಗೆ ಪರದೆ ಕಟ್ಟಿ ಸಿನಿಮಾ ತೋರಿಸುವುದು ನಮ್ಮಲ್ಲಿ ಹಳೇ ಸಂಪ್ರದಾಯ. ಬಿಡಬೇಕಾಗಿಲ್ಲ. ಆದರೆ ವಿತರಕರ ಬಳಿ ಹೋಗಿ ಸಿನಿಮಾ ಗೊತ್ತು ಮಾಡಿ, ಲಿಖಿತ ಒಪ್ಪಿಗೆ ಪಡೆಯಬೇಕು. ಸಿನಿಮಾ ಪ್ರದರ್ಶನಕ್ಕೆ 1964ರ ಕರ್ನಾಟಕ ಸಿನಿಮಾ ನಿಯಂತ್ರಣ ಕಾಯ್ದೆಯೂ ಇರುವುದರಿಂದ ಪೊಲೀಸ್ ಠಾಣೆಯಲ್ಲಿ, ಸಂಬಂಧಪಟ್ಟ ಕಚೇರಿಯಲ್ಲಿ ಮೊದಲೇ ವಿಚಾರಿಸಿಕೊಳ್ಳುವುದು ಕ್ಷೇಮ. ವಿಘ್ನೇಶ್ವರನ ಎದುರಿಗೇ ವಿಘ್ನ ತಂದುಕೊಳ್ಳುವುದೇಕೆ?

ಟಾಕೀಸು ಇನ್ನೂ ಸತ್ತಿಲ್ಲ

ಇಷ್ಟೆಲ್ಲ ಹೇಳಿದ ಮೇಲೂ ಸಿನಿಮಾ ನೋಡುವ ಸುಖ ಟಾಕೀಸಿನದೇ. ನೂರು ರೂಪಾಯಿವರೆಗಿನ ಟಿಕೆಟ್ ಮೇಲಿನ ಜಿ.ಎಸ್.ಟಿ. 2025ರ ಸೆಪ್ಟೆಂಬರ್ 22ರಿಂದ ನೂರಕ್ಕೆ 12ರಿಂದ 5ಕ್ಕೆ ಇಳಿಯಿತು. ಒಂಟಿ ಪರದೆಯ ಟಾಕೀಸಿಗೆ ಹೋಗುವ ಬಡವರಿಗೆ ಅದು ಒಳ್ಳೆಯ ಸುದ್ದಿ. ಹಳೆಯ ಸಿನಿಮಾಗಳೂ ಮತ್ತೆ ತೆರೆಗೆ ಬರುತ್ತಿವೆ. 'ಕಸ್ತೂರಿ ನಿವಾಸ' 2014ರಲ್ಲಿ ಬಣ್ಣ ಹಚ್ಚಿಕೊಂಡು ಬಂದಾಗ ಜನ ಮುಗಿಬಿದ್ದಿದ್ದರು. 2024ರ ಮಾರ್ಚ್‌ನಲ್ಲಿ 'ಜಾಕಿ', 2025ರ ಮಾರ್ಚ್‌ನಲ್ಲಿ 'ಅಪ್ಪು' ಮರುಬಿಡುಗಡೆಯಾದಾಗಲೂ ಅಷ್ಟೇ. ಈ ಮೂರೂ ಸಿನಿಮಾ ಎಲ್ಲರ ಮನೆಯಲ್ಲಿ ನೂರು ಸಲ ನೋಡಿದವೇ. ಆದರೂ ಜನ ಟಿಕೆಟ್ ತೆಗೆದುಕೊಂಡು ಹೋದರು. ಮೈಸೂರಿನವರಿಗೆ ದಸರಾ ಹೊತ್ತಿನ ಚಲನಚಿತ್ರೋತ್ಸವವೂ ಇದೆ. ಹೊರಗಡೆ ಎಲ್ಲೂ ಸಿಗದ ಸಿನಿಮಾಗಳು ಅಲ್ಲಿ ಸಿಗುತ್ತವೆ.

ತಪ್ಪು ಒಂದೇ ಕಡೆ ಇಲ್ಲ

ಹಾಗೆಂದು ಎಲ್ಲ ತಪ್ಪನ್ನೂ ನೋಡುವವನ ತಲೆಗೆ ಕಟ್ಟಿದರೆ ಅನ್ಯಾಯ. ಹೆಂಡತಿ ಮಕ್ಕಳ ಜೊತೆ ಮಾಲ್‌ಗೆ ಹೋಗಿ ಬಂದರೆ ಟಿಕೆಟ್, ಪಾರ್ಕಿಂಗ್, ಪಾಪ್‌ಕಾರ್ನ್ ಸೇರಿ ಒಂದು ವಾರದ ರೇಷನ್ ದುಡ್ಡು ಹೋಗುತ್ತದೆ. ಟಿಕೆಟ್ ದರ ಕಟ್ಟಿಹಾಕಲು ರಾಜ್ಯ ಸರ್ಕಾರ 2025ರ ಸೆಪ್ಟೆಂಬರ್ 12ಕ್ಕೆ 200 ರೂಪಾಯಿ ಮಿತಿಯ ನಿಯಮ ತಂದಿತು. ತೆರಿಗೆ ಅದರ ಮೇಲೆ. ಮಲ್ಟಿಪ್ಲೆಕ್ಸಿನವರು ಹೈಕೋರ್ಟಿಗೆ ಹೋದರು. ಅದೇ ತಿಂಗಳ 23ಕ್ಕೆ ಮಧ್ಯಂತರ ತಡೆ ಬಿತ್ತು. ನೋಡುವವನು ಕಾಗದದ ಮೇಲಿನ ಅಗ್ಗದ ಟಿಕೆಟನ್ನು ಹನ್ನೊಂದು ದಿನ ಕಂಡ.

ಓ.ಟಿ.ಟಿ.ಯವರ ಕತೆಯೂ ಅಷ್ಟೇ. ದೊಡ್ಡ ಹೆಸರಿಲ್ಲದ ಕನ್ನಡ ಸಿನಿಮಾ ಅಂದರೆ ಮೂಗು ಮುರಿಯುತ್ತಾರೆ ಎಂಬುದು ನಿರ್ಮಾಪಕರ ಬಹುಕಾಲದ ಅಳಲು. ನಟ ರಕ್ಷಿತ್ ಶೆಟ್ಟಿ ಅವರ ಬಳಗದ 'ಏಕಂ' ಎಂಬ ಸರಣಿಯನ್ನು ಯಾವ ಓ.ಟಿ.ಟಿ.ಯೂ ಕೊಳ್ಳದೆ, 2024ರ ಜುಲೈನಲ್ಲಿ ಅವರೇ ಸ್ವಂತ ಜಾಲತಾಣ ಮಾಡಿ, ದುಡ್ಡು ಕೊಟ್ಟವರಿಗೆ ನೇರ ತೋರಿಸಬೇಕಾಯಿತು. ನೇರ ದಾರಿಯಲ್ಲಿ ಎಲ್ಲೂ ಸಿಗದ ಸಿನಿಮಾವನ್ನು ಜನ ಅಡ್ಡದಾರಿಯಲ್ಲಿ ಹುಡುಕಿದರೆ ಅರ್ಧ ತಪ್ಪು ಬಾಗಿಲು ಮುಚ್ಚಿದವರದು.

ಕನ್ನಡ ಸಿನಿಮಾಗಳಿಗೆಂದೇ ಸರ್ಕಾರದಿಂದ ಒಂದು ಓ.ಟಿ.ಟಿ. ವೇದಿಕೆ ಮಾಡುವುದಾಗಿ 2025ರ ಮಾರ್ಚ್‌ನ ಬಜೆಟ್‌ನಲ್ಲಿ ಮುಖ್ಯಮಂತ್ರಿ ಸಿದ್ದರಾಮಯ್ಯ ಘೋಷಿಸಿದರು. ಮೈಸೂರಿನಲ್ಲಿ ಚಿತ್ರನಗರಿಯ ಮಾತೂ ಅದೇ ಬಜೆಟ್‌ನಲ್ಲಿತ್ತು. ಚಿತ್ರನಗರಿಗೆ ನೂರೈವತ್ತು ಎಕರೆ ಬೇಕು, ವರ್ಷಗಳು ಹಿಡಿಯುತ್ತವೆ, ಒಪ್ಪೋಣ. ಓ.ಟಿ.ಟಿ.ಗೆ ಎಕರೆ ಲೆಕ್ಕದ ಜಮೀನು ಬೇಡ. ಗೋದಾಮಿನಲ್ಲಿ ಕೊಳೆಯುವ ಸಣ್ಣ ಸಿನಿಮಾಗಳನ್ನು ಕಡಿಮೆ ಬಾಡಿಗೆಗೆ ಜನರ ಫೋನಿಗೆ ತಲುಪಿಸಿದರೆ, ಪೆನ್ ಡ್ರೈವ್ ಅಂಗಡಿಯ ಮುಂದಿನ ಸಾಲು ತಾನಾಗಿ ಕರಗುತ್ತದೆ.

ಟಾಕೀಸಿನವರು ಸೀಟು, ಶೌಚಾಲಯ ಸರಿ ಮಾಡಲಿ. ಮೊಬೈಲ್ ಅಂಗಡಿಯವರು ಪೆನ್ ಡ್ರೈವ್ ವಾಪಸ್ ಕೊಟ್ಟು, 'ನಿಮ್ಮ ಪ್ಯಾಕಲ್ಲೇ ಇದೆ ಕಣಣ್ಣ, ತೋರಿಸ್ತೀನಿ ಬನ್ನಿ' ಅನ್ನಲಿ. ಬಸ್ಸಿನವರು ರಾತ್ರಿ ಡೌನ್‌ಲೋಡ್ ಮಾಡಿಕೊಂಡು ಬರಲಿ. ಇನ್ನು ಉಳಿದದ್ದು ವಾರ್ತಾ ಇಲಾಖೆಯ ಕೆಲಸ. ಬಜೆಟ್ ಪುಸ್ತಕದಲ್ಲಿ ಓದಿದ ಕನ್ನಡ ಓ.ಟಿ.ಟಿ.ಯನ್ನು ಹುಣಸೂರು ಬಸ್ಸಿನ ಕಿಟಕಿ ಪಕ್ಕ ಕೂತವನ ಫೋನಿಗೆ ತಲುಪಿಸುವ ಹೊಣೆ ಅವರದು. ಸಂಬಂಧಪಟ್ಟವರು ಗಮನ ಹರಿಸುವರೇ?